ಹೊಡೆದುಹಾಕಿದ ಮೇಲೂ ಉಳಿದ ಒಂದು

ಮಗಳು ಬೀಜಗಣಿತದ ಲೆಕ್ಕದಲ್ಲಿ ಮೇಲೊಂದು, ಕೆಳಗೊಂದು ಗೀಟೆಳೆದು 3xಗಳನ್ನು ಹೊಡೆದುಹಾಕಿದಳು. ಅಯ್ಯೋ, ಆ ಗೀಟು! ನಾನು ಓದಿದ ಬೇಗೂರಿನ ಶಾಲೆಯ ಕರಿಹಲಗೆಯ ಮುಂದೆ ಮನಸ್ಸಿನಲ್ಲೇ ಮತ್ತೆ ನಿಂತುಬಿಟ್ಟೆ.

ಅಂದು ಲೆಕ್ಕ ಸರಿಮಾಡಿದವನಿಗೇ ಶಾಲೆಯ ನಾಟಕದ ರಾಜಪಾತ್ರವೆಂದು ಮೇಷ್ಟ್ರು ಸಾರಿದ್ದರು. 6x² + 3x ಅನ್ನು 3xನಿಂದ ಭಾಗಿಸಬೇಕು. 2x ಎಂದು ಬರೆದು ತಡವರಿಸಿದೆ. ಮುಂದಿನ ಬೆಂಚಿನಿಂದ ಪ್ರಾಣಸ್ನೇಹಿತ ಮಾದೇವ ಪಿಸುಗುಟ್ಟಿದ: "3xಗೆ 3x ಹೊಡ್ದಾಕ್ಬುಡ್ಲಾ, ಏನೂ ಉಳಿಯಕಿಲ್ಲ ಕಣ!"

ನಂಬಿದೆ! ಹೊಡೆದುಹಾಕಿ, "ಉತ್ತರ 2x!" ಎಂದು ಗುಡುಗಿದೆ. ಮಾದೇವ ನಗುತ್ತಾ ಎದ್ದುಬಂದು ಪಕ್ಕದಲ್ಲಿ "+ 1" ಸೇರಿಸಿದ. ಕಿರೀಟ ಅವನ ತಲೆಗೇರಿತು. ಅವನೆದುರು "ಮಹಾಪ್ರಭು" ಎಂದು ಬಾಗುವ ಭಟ ನಾನಾದೆ.

"ಅಪ್ಪಾ, ಇಲ್ಲಿ ಏನೂ ಉಳಿಯಲ್ಲ ಅಲ್ವಾ?" ಮಗಳು ಕೇಳಿದಳು.

"ಉಳೀತದೆ ಕಣಮ್ಮಿ! ಒಂದು ಉಳೀತದೆ!"

ನನ್ನ ಕೂಗಿಗೆ ಪಕ್ಕದ ಮನೆಯವರು ಕಿಟಕಿ ತೆರೆದರು.