ಮೈಮೇಲಿದ್ದ ವಸ್ತುಗಳ ಪಟ್ಟಿ

ತಮ್ಮ ತೀರಿಕೊಂಡ ಸುದ್ದಿ ಬಂದಾಗ ನಾನು ಪೀಣ್ಯದ ಗಾರ್ಮೆಂಟ್ಸ್‌ನಲ್ಲಿ ಶರ್ಟಿನ ಕಾಲರ್ ತಪಾಸಣೆ ಮಾಡುತ್ತಾ ನಿಂತಿದ್ದೆ. ಅವನೂ ಪೀಣ್ಯದಲ್ಲೇ ವೆಲ್ಡಿಂಗ್ ಮಾಡಿಕೊಂಡಿದ್ದವನು. ಕೊಲ್ಲಿ ದೇಶವೊಂದಕ್ಕೆ ಅದೇ ಕೆಲಸಕ್ಕೆ ಹೋಗಿ ಒಂದು ವರ್ಷದ ಮೇಲಾಗಿತ್ತು. ಬೆಳಗ್ಗೆ ಕಂಪನಿ ಬಸ್ ಹತ್ತುವಾಗ ಎದೆ ಹಿಡಿದುಕೊಂಡು ಕುಸಿದನಂತೆ. ಫೋನ್ ಮಾಡಿದ ಅವನ ರೂಮಿನವನು ಅಳುತ್ತಲೇ ಹೇಳಿದ, "ಅಕ್ಕಾ, ಇನ್ನೆಲ್ಲಾ ಎಂಬೆಸಿ ಮೂಲಕವೇ ಆಗ್ಬೇಕಂತೆ."

ಎಂಬೆಸಿ ಎಂಬುದು ನನ್ನ ಪಾಲಿಗೆ ಅಲ್ಲಿಯವರೆಗೆ ಟೀವಿ ಸುದ್ದಿಯಲ್ಲಿ ಕೇಳಿದ ಪದ, ದೊಡ್ಡವರ ವ್ಯವಹಾರ. ಈಗ ಅದು ನನ್ನ ಊಟದ ಬಿಡುವಿನ ಕೆಲಸವಾಯಿತು. ಅವರ ಗಡಿಯಾರ ನಮಗಿಂತ ಎರಡೂವರೆ ಗಂಟೆ ಹಿಂದೆ. ಅಲ್ಲಿ ವಾರದ ರಜೆ ಶುಕ್ರವಾರ. ಇದು ತಿಳಿಯದೆ ಮೊದಲ ಶುಕ್ರವಾರ ಫೋನ್ ಮಾಡಿ ಮಾಡಿ, ಎತ್ತದವರ ವಂಶವನ್ನೆಲ್ಲ ಬೈದೆ. ನನ್ನ ಬಾಯಿ ಮೊದಲಿನಿಂದಲೂ ಜೋರು. ನಮ್ಮ ಲೈನಿನ ಹುಡುಗಿಯರು ನನ್ನನ್ನು ಮೆಣಸಿನಕಾಯಿ ಅಕ್ಕ ಅನ್ನುತ್ತಿದ್ದರು. ಅದೂ ನನಗೆ ಗೊತ್ತಿತ್ತು.

ಎಂಬೆಸಿಯವರು ಮೂರು ಫಾರಂ ಕಳಿಸಿದರು. ದೇಹವನ್ನು ಊರಿಗೆ ಕಳಿಸಲು ಅವ್ವನ ಒಪ್ಪಿಗೆ, ನಾವು ಅವನ ವಾರಸುದಾರರೆಂಬುದಕ್ಕೆ ಕಾಗದ, ಆಮೇಲೆ ಅವನ ಸಾಮಾನಿನ ವಿವರ. ಮಾದನಾಯಕನಹಳ್ಳಿಯ ಸೈಬರ್ ಸೆಂಟರಿನಲ್ಲಿ ಅವ್ವನನ್ನು ಪಕ್ಕದ ಸ್ಟೂಲಿನಲ್ಲಿ ಕೂರಿಸಿಕೊಂಡು ಬರೆಯಲು ಕೂತೆ. ಮನೆಯಲ್ಲಿ ಪಿಯುಸಿ ಮುಟ್ಟಿದವಳು ನಾನೊಬ್ಬಳೇ, ಇಂಗ್ಲಿಷ್ ಬರುತ್ತದೆಂಬ ಜಂಬ ಬೇರೆ.

"ಏನೇನ ಕೇಳ್ಯಾರವಾ? ನನಗಷ್ಟ ಓದಿ ಹೇಳು," ಎಂದಳು ಅವ್ವ.

"ನಿನಗ ತಿಳಿಯೂದಿಲ್ಲ, ಸುಮ್ನ ಕುಂದರಬೇ!" ಎಂದು ಗದರಿದೆ.

ಮೂರನೆಯ ಫಾರಂನಲ್ಲಿ ಒಂದು ಕಾಲಂ ಇತ್ತು: ಮೃತರು ಮೈಮೇಲೆ ಧರಿಸಿದ್ದ ಒಡವೆ ಮತ್ತು ಬೆಲೆಬಾಳುವ ವಸ್ತುಗಳು. ಉಂಗುರವಿಲ್ಲ, ಚೈನಿಲ್ಲ. ಒಂದು ಕ್ಷಣವೂ ಯೋಚಿಸದೆ 'ಯಾವುದೂ ಇಲ್ಲ' ಎಂದು ಬರೆದೆ. ಅವ್ವ ಕೆಳಗೆ ಸಹಿ ಹಾಕಿದಳು.

ಹನ್ನೊಂದು ದಿನದ ಮೇಲೆ ಎಂಬೆಸಿಯ ಅಧಿಕಾರಿ ತಾವಾಗಿಯೇ ಫೋನ್ ಮಾಡಿದರು. ಅವರದು ಹಿಂದಿ, ನನ್ನದು ಗಾರ್ಮೆಂಟ್ಸ್ ಹಿಂದಿ, ಹೇಗೋ ನಡೆಯುತ್ತಿತ್ತು. ಮಂಗಳವಾರದ ವಿಮಾನಕ್ಕೆ ಎಲ್ಲ ಸಿದ್ಧವಾಗಿದೆ ಎಂದರು. ಅವತ್ತು ಭಾನುವಾರ, ನಾನು ಮನೆಯಲ್ಲಿದ್ದೆ. ಅವ್ವ ಫೋನಿಗೇ ಕಿವಿ ಹಚ್ಚಿ ಕೂತಿದ್ದಳು. "ಕೊರಳಾಗ ಲಿಂಗ ಐತಿಲ್ಲೋ, ಕೇಳು," ಎಂದಳು.

ಕೇಳಿದೆ. ಆ ಕಡೆ ಹಾಳೆ ಮಗುಚುವ ಸದ್ದು. ಆಸ್ಪತ್ರೆಯವರು ಅವನ ಕೊರಳಿನಿಂದ ದಾರ ಕಟ್ಟಿದ ಬೆಳ್ಳಿಯದೊಂದು ಪುಟ್ಟ ಡಬ್ಬಿ ತೆಗೆದಿಟ್ಟಿದ್ದರಂತೆ. ಮನೆಯವರು ಮೈಮೇಲೆ ಏನೂ ಇರಲಿಲ್ಲ ಎಂದು ಬರೆದುಕೊಟ್ಟಿದ್ದರಿಂದ, ಅದು ಬೇರೆ ಯಾರದೋ ಇರಬೇಕೆಂದು ಪೊಲೀಸ್ ಉಗ್ರಾಣಕ್ಕೆ ಕಳಿಸಿಬಿಟ್ಟಿದ್ದರು. "ನೀವೇ ಬರೆದಿದ್ದೀರಲ್ಲ, ಬೆಹೆನ್," ಎಂದರು ಅವರು, ತಪ್ಪು ಹೊರಿಸುವ ದನಿಯಲ್ಲೇನೂ ಅಲ್ಲ.

ಅಯ್ಯೋ ಶಿವನೇ! ಹುಟ್ಟಿದಾಗ ಕಟ್ಟಿದ ಲಿಂಗ. ಸ್ನಾನಕ್ಕೂ ತೆಗೆಯದ್ದು, ಜ್ವರ ಬಂದರೂ ತೆಗೆಯದ್ದು. ಮೈಮೇಲೆ ಏನಿದೆ ಎಂದು ಕೇಳಿದರೆ ನಮ್ಮಲ್ಲಿ ಯಾರು ಲಿಂಗದ ಹೆಸರು ಹೇಳುತ್ತಾರೆ? ಕಣ್ಣಿದೆ, ಕಿವಿಯಿದೆ ಎಂದು ಯಾರಾದರೂ ಬರೆಯುತ್ತಾರೆಯೇ? ಆದರೆ ಅವ್ವ ಓದಿ ಹೇಳು ಎಂದಿದ್ದಳು. ಓದಿದ್ದರೆ ಅವಳು ಬರೆಸುತ್ತಿದ್ದಳೋ ಏನೋ. ಕೆಟ್ಟ ಮೇಲೆ ಬುದ್ಧಿ ಬಂತು, ಅಟ್ಟ ಮೇಲೆ ಒಲೆ ಉರಿಯಿತು.

ಹೊಸ ಅಫಿಡವಿಟ್ ಕಳಿಸಿದರೆ ಹುಡುಕಿಸಬಹುದು, ಆದರೆ ಮಂಗಳವಾರದ ವಿಮಾನ ತಪ್ಪುತ್ತದೆ, ಮುಂದಿನದು ಯಾವಾಗ ಎಂದು ಹೇಳಲಾಗದು ಎಂದರು. ಸಿಗುತ್ತದೆಂಬ ಖಾತ್ರಿಯೂ ಇಲ್ಲ. ನಾನು ಫೋನಿಗೆ ಕೈ ಅಡ್ಡ ಹಿಡಿದು ಅವ್ವನಿಗೆ ಹೇಳಿದೆ, "ಬ್ಯಾಡಬೇ, ಇಷ್ಟು ದಿನದಿಂದ ಐಸಿನಾಗ ಅದಾನ. ಮೊದಲ ಅವನು ಬರಲಿ. ಲಿಂಗ ಬ್ಯಾರೇದು ತರಿಸೂಣು."

ಅವ್ವ ಅಳಲಿಲ್ಲ. "ಲಿಂಗ ಬ್ಯಾರೇದು ತರಸ್ತಿ. ಮಗನ್ನೂ ಬ್ಯಾರೆ ತರಸ್ತಿಯೇನು?" ಎಂದಳು. "ಲಿಂಗ ಇಲ್ದ ಮಣ್ಣು ಮಾಡಾಕ ನಾ ಬಿಡಾಂಗಿಲ್ಲ. ಕಾಯ್ತೀನಿ."

ಮರುದಿನ ಅರ್ಧ ದಿನ ರಜೆ ಹಾಕಿ ಅವ್ವನನ್ನೂ ಕರೆದುಕೊಂಡು ಪೀಣ್ಯದ ನೋಟರಿಯ ಬಳಿಗೆ ಓಡಿದೆ. ಬೆರಳಚ್ಚು ಮಾಡುವ ನಡುವಯಸ್ಸಿನವರು, "ಏನಂತ ಹಾಕ್ಲಿ ಮೇಡಂ, ಬೆಳ್ಳಿ ಒಡವೆ ಒಂದು ಅಂತ ಹಾಕ್ಬಿಡ್ಲಾ?" ಎಂದರು.

"ಒಡವೆ ಅಲ್ಲ ಕಣ್ರೀ ಅದು!" ಎಂದು ಚೀರಿಬಿಟ್ಟೆ. ಕ್ಯೂನಲ್ಲಿದ್ದವರೆಲ್ಲ ತಿರುಗಿ ನೋಡಿದರು. ಆ ಮನುಷ್ಯ ಕೀಲಿಗಳ ಮೇಲಿಂದ ಕೈ ತೆಗೆದು, "ಸರಿ ತಾಯಿ, ನೀವೇ ಹೇಳಿ," ಎಂದರು.

ನಾನು ಹೇಳುತ್ತಾ ಹೋದೆ, ಅವರು ಇಂಗ್ಲಿಷಿನಲ್ಲಿ ಬಡಿಯುತ್ತಾ ಹೋದರು. ಇದು ಆಭರಣವಲ್ಲ. ನಮ್ಮಲ್ಲಿ ಮಗು ಹುಟ್ಟಿದಾಗ ಇದನ್ನು ಕಟ್ಟುತ್ತಾರೆ, ಸತ್ತಾಗ ಅಂಗೈಯಲ್ಲಿಟ್ಟು ಜೊತೆಗೇ ಮಣ್ಣು ಮಾಡುತ್ತಾರೆ. ಒಡವೆ ಎಂದು ಕೇಳಿದ್ದಕ್ಕೆ ಇಲ್ಲ ಎಂದು ಬರೆದ ತಪ್ಪು ನನ್ನದು. ಇದನ್ನು ಅವನ ದೇಹದ ಭಾಗವೆಂದೇ ತಿಳಿದು ದೇಹದ ಜೊತೆ ಕಳಿಸಿಕೊಡಬೇಕು. ಕೊನೆಯ ಸಾಲು ಮುಗಿದ ಮೇಲೆ ಅವರು ಒಮ್ಮೆ ಪೂರ್ತಿ ಓದಿ ಹೇಳಿದರು. ಈ ಸಲ ಅವ್ವನಿಗೂ ಕನ್ನಡದಲ್ಲಿ ಪ್ರತಿ ಮಾತನ್ನೂ ಹೇಳಿದ ಮೇಲೆಯೇ ಸಹಿ ಹಾಕಿಸಿದೆ.

ಮತ್ತೆ ಒಂಬತ್ತು ದಿನ. ಆ ದಿನಗಳಲ್ಲಿ ನಾನು ಯಾರ ಮೇಲೂ ರೇಗಲಿಲ್ಲ, ರೇಗುವ ತ್ರಾಣವೇ ಇರಲಿಲ್ಲ. ಒಂದು ಮಧ್ಯಾಹ್ನ ಫೋನ್ ಬಂತು. ಸಿಕ್ಕಿದೆ ಎಂದರು ಅಧಿಕಾರಿ. ಸಾಮಾನುಗಳು ಸಾಮಾನ್ಯವಾಗಿ ಆಮೇಲೆ ಬೇರೆಯಾಗಿ ಬರುತ್ತವಂತೆ. "ನೀವು ದೇಹದ ಭಾಗ ಅಂತ ಬರೆದಿದ್ದನ್ನು ಆಸ್ಪತ್ರೆಯವರಿಗೆ ತೋರಿಸಿದೆ. ಪೆಟ್ಟಿಗೆ ಮುಚ್ಚುವ ಮುಂಚೆ ಅವರೇ ಒಳಗಿಟ್ಟರು," ಎಂದರು. ನಾನು ಕ್ಯಾಂಟೀನಿನ ಗೋಡೆಗೆ ಮುಖ ಮಾಡಿ ನಿಂತು ಅತ್ತೆ. ಆ ಮನುಷ್ಯನಿಗೆ ಥ್ಯಾಂಕ್ಸ್ ಹೇಳಿದೆನೋ ಇಲ್ಲವೋ ನೆನಪಿಲ್ಲ.

ವಿಮಾನ ನಿಲ್ದಾಣದ ಕಾರ್ಗೋದಿಂದ ಆಂಬುಲೆನ್ಸ್ ನೇರ ಮಾದನಾಯಕನಹಳ್ಳಿಯ ರುದ್ರಭೂಮಿಗೆ ಬಂತು. ಉತ್ತರ ಕರ್ನಾಟಕದ ನಮ್ಮ ಊರಿಗೆ ಒಯ್ಯೋಣವೆಂದು ನೆಂಟರು ಅಂದರೆ ಅವ್ವ ಒಪ್ಪಲಿಲ್ಲ, ಪೆಟ್ಟಿಗೆಯಲ್ಲಿ ಇನ್ನೊಂದು ದಿನ ಬೇಡ ಎಂದಳು. ನಮ್ಮಲ್ಲಿ ಕೂರಿಸಿ ಮಣ್ಣು ಮಾಡುವುದು. ಅವನ ಮೈ ಮರಗಟ್ಟಿತ್ತು, ಕೂರಲಿಲ್ಲ. ಕ್ರಿಯೆ ಮಾಡಿಸಲು ಬಂದಿದ್ದ ಅಯ್ಯನವರು, "ಮಲಗಿದಲ್ಲೇ ಇರಲಿ, ಶಿವ ಅಲ್ಲಿಗೇ ಬರ್ತಾನ," ಎಂದು ಗುಂಡಿಯನ್ನು ಉದ್ದ ಮಾಡಿಸಿದರು.

ಲಿಂಗವನ್ನು ಎಡಗೈಯಲ್ಲಿಡಬೇಕು. ಅಯ್ಯನವರು ಇಟ್ಟರು, ಅವನ ಬೆರಳು ಮಡಚಲಿಲ್ಲ, ಜಾರಿತು. ಎರಡನೆಯ ಸಲವೂ ಜಾರಿತು. ನಾನು ಹಿಂದೆ ನಿಂತಿದ್ದೆ, ಮುಂದೆ ಬರಲು ಮುಖವಿರಲಿಲ್ಲ. ಅವ್ವ ತಿರುಗಿ ನನ್ನ ಮಣಿಕಟ್ಟು ಹಿಡಿದು ಎಳೆದಳು. "ನೀ ಹಿಡಿ," ಎಂದಳು.

ಗುಂಡಿಗಿಳಿದು ಅವನ ಅಂಗೈಯಲ್ಲಿ ಲಿಂಗವಿಟ್ಟು, ಮೇಲೆ ನನ್ನ ಕೈ ಮುಚ್ಚಿ ಹಿಡಿದೆ. ವಿಭೂತಿ ಹಾಕಿದರು, ಪತ್ರೆ ಹಾಕಿದರು, ಆಮೇಲೆ ಮಣ್ಣು. ಮಣ್ಣು ನನ್ನ ಮಣಿಕಟ್ಟು ದಾಟಿದ ಮೇಲೆ ಅಯ್ಯನವರು, "ಇನ್ನ ಬಿಡವಾ, ಜಾರೂದಿಲ್ಲ," ಎಂದರು. ನಾನು ಬಿಡಲಿಲ್ಲ. ಅವ್ವನೇ ಬಂದು ನನ್ನ ಕೈ ಹೊರಗೆ ತೆಗೆದಳು.