ಕೊಟ್ಟಿಗೆಯ ಬಿಳಿ ನೀರು

ಫಿನಾಯಿಲಿನ ವಾಸನೆ ಬಂದರೆ ಇಂದಿಗೂ ನನಗೆ ಹೊಟ್ಟೆ ತೊಳಸುತ್ತದೆ. ಸಗಣಿಯ ವಾಸನೆಗೆ ಹಾಗಾಗುವುದಿಲ್ಲ. ಮೊದಲು ಇದು ತದ್ವಿರುದ್ಧವಾಗಿತ್ತು. ತಿರುವುಮುರುವಾದ ಬಗೆಯನ್ನು ಕ್ರಮವಾಗಿ ಹೇಳುತ್ತೇನೆ.

ತೊಂಬತ್ತರ ದಶಕದ ನಡುವಿನ ಮಾತು. ನಾನು ನಂಜನಗೂಡಿನ ಪ್ರೌಢಶಾಲೆಯೊಂದರಲ್ಲಿ ಕನ್ನಡದ ಮೇಷ್ಟ್ರಾಗಿದ್ದೆ. ವಾಸ ಮಾತ್ರ ಅವ್ವನ ಜೊತೆ, ಮೂಗೂರಿನ ಕಡೆಯ ನಮ್ಮ ಹಳ್ಳಿಯಲ್ಲಿ, ಊರಿನ ಹೊರಗಿದ್ದ ನಮ್ಮ ಕೇರಿಯಲ್ಲಿ. ಸೌದೆ ಒಲೆಯ ಹೊಗೆ ಅವ್ವನ ಎದೆಯನ್ನು ಹಿಡಿದಿತ್ತು. ಇನ್ನೂ ಹೊಗೆ ಕುಡಿದರೆ ಈ ಎದೆ ಉಳಿಯುವುದಿಲ್ಲವೆಂದು ನರಸೀಪುರದ ಡಾಕ್ಟರು ಖಂಡಿತವಾಗಿ ಹೇಳಿದ ಮೇಲೆ, ಸರ್ಕಾರದ ಯೋಜನೆಯೊಂದರಲ್ಲಿ ಹಿತ್ತಲಿಗೆ ಗೋಬರ್ ಗ್ಯಾಸ್ ಹಾಕಿಸಿದೆ. ನೆಲದೊಳಗೆ ಗುಮ್ಮಟ. ಈಚೆಗೆ ಸಗಣಿಯನ್ನೂ ನೀರನ್ನೂ ಕಲಸಿ ಒಳಗೆ ಬಿಡುವ ತೊಟ್ಟಿ. ಆಚೆಗೆ ಅನಿಲ ಕೊಟ್ಟು ಮುಗಿದ ಬಗ್ಗಡ ಉಕ್ಕಿ ಬರುವ ತೊಟ್ಟಿ. ನಮ್ಮ ಎರಡು ಹಸುಗಳ ಸಗಣಿಯಿಂದ ಅವ್ವನ ಅಡುಗೆ ನೀಲಿ ಉರಿಯಲ್ಲಿ ಆಗತೊಡಗಿತು, ಕೆಮ್ಮು ಇಳಿಯಿತು.

ಇಷ್ಟಾದರೂ ಆ ಕಲಸುವ ತೊಟ್ಟಿಯನ್ನು ಕಂಡರೆ ನನಗೆ ವಾಕರಿಕೆ. ಅವ್ವ ಮೊಣಕೈವರೆಗೂ ಕೈಯನ್ನು ಸಗಣಿಯಲ್ಲಿ ಅದ್ದಿ, ಕಡ್ಡಿಗಳನ್ನು ಆರಿಸಿ ಎಸೆದು, ಗಂಟುಗಳನ್ನು ಬೆರಳಲ್ಲಿ ಹಿಸುಕಿ ಒಡೆಯುತ್ತಿದ್ದಳು. ಅಂಚಿನಲ್ಲಿ ಬಿಳಿಯ ಹುಳುಗಳು ಹೊರಳುತ್ತಿದ್ದವು. ಗುಳ್ಳೆಯೊಂದು ಎದ್ದು, ಸ್ವಲ್ಪ ಹೊತ್ತು ನಿಂತು, ಒಡೆಯುತ್ತಿತ್ತು. ಅದೇ ಕೈಯನ್ನು ತೊಳೆದುಕೊಂಡು ಅವಳು ಮುದ್ದೆ ಕಟ್ಟಿ ಬಡಿಸಿದಾಗ ನಾನು ಗೋಡೆ ನೋಡುತ್ತ ಉಣ್ಣುತ್ತಿದ್ದೆ.

ಆ ವರ್ಷ ವಿಜ್ಞಾನದ ಮೇಷ್ಟ್ರು ವರ್ಗವಾಗಿ ಹೋದದ್ದರಿಂದ ಅವರ ಪಾಠವೊಂದು ನನ್ನ ಪಾಲಿಗೆ ಬಂತು: ಪರಿಸರ ವ್ಯವಸ್ಥೆ. ಕಪ್ಪುಹಲಗೆಯ ನಟ್ಟನಡುವೆ ಅಡಿಕೋಲಿಟ್ಟು ಗೆರೆ ಎಳೆದೆ. ಎಡಕ್ಕೆ ಜೈವಿಕ ಘಟಕಗಳು: ಉತ್ಪಾದಕಗಳು, ಭಕ್ಷಕಗಳು, ಸತ್ತದ್ದನ್ನು ಕೊಳೆಸುವ ವಿಘಟಕಗಳು. ಬಲಕ್ಕೆ ಅಜೈವಿಕ ಘಟಕಗಳು: ಗಾಳಿ, ನೀರು, ಮಣ್ಣು, ಬೆಳಕು, ಉಷ್ಣತೆ. ಹಿಂದಿನ ಬೆಂಚಿನ ಹುಡುಗಿಯೊಬ್ಬಳು ಎದ್ದು ನಿಂತಳು.

"ಸಾ, ಸಗ್ಣಿ ಯಾವ್ ಕಡೀಕೆ ಬತ್ತದೆ?"

ತರಗತಿಯೆಲ್ಲ ನಕ್ಕಿತು. ನನಗೆ ನಗು ಬರಲಿಲ್ಲ. "ಬಲಕ್ಕೆ. ಅದಕ್ಕೆ ಜೀವವಿಲ್ಲ. ಕೂತುಕೋ" ಎಂದು ಗದರಿಸಿದೆ. ಪರೀಕ್ಷೆಯಲ್ಲಿ ವಿಘಟಕಗಳನ್ನು ಬಿಟ್ಟು ಬರೆದವರಿಗೆ ನಿರ್ದಾಕ್ಷಿಣ್ಯವಾಗಿ ಅಂಕ ಕತ್ತರಿಸಿದೆ.

ಅದೇ ತಿಂಗಳು ಸಹೋದ್ಯೋಗಿಯೊಬ್ಬರು ಮಗಳ ಲಗ್ನಪತ್ರಿಕೆ ಕೊಡಲು ನಮ್ಮ ಮನೆಗೆ ಬಂದರು. ಹೊಸಿಲಿನಾಚೆಯೇ ನಿಂತು, ಕರ್ಚೀಫನ್ನು ಮೂಗಿಗೆ ಒತ್ತಿಕೊಂಡು ಮಾತಾಡಿದರು. ಅವ್ವ ತಂದ ಕಾಫಿಯನ್ನು, "ಈಗ್ತಾನೆ ಆಯ್ತಮ್ಮ" ಎಂದು ಮುಟ್ಟಲಿಲ್ಲ. ತಪ್ಪು ಸಗಣಿಯದೆಂದು ನಾನು ತೀರ್ಮಾನಿಸಿದೆ. ಮರುದಿನವೇ ಒಂದು ಕ್ಯಾನು ಫಿನಾಯಿಲನ್ನೂ ಬ್ಲೀಚಿಂಗ್ ಪೌಡರನ್ನೂ ತಂದು, ದಿನವೂ ಬಸ್ಸಿಗೆ ಹೊರಡುವ ಮುಂಚೆ ಕೊಟ್ಟಿಗೆಯನ್ನು ತೊಳೆಯತೊಡಗಿದೆ. ಹಾಲಿನಂಥ ಬಿಳಿ ನೀರು ಇಳಿಜಾರಿನಲ್ಲಿ ಹರಿದು ಸಗಣಿ ಕಲಸುವ ತೊಟ್ಟಿಗೆ ಬೀಳುತ್ತಿತ್ತು. ಹುಳುಗಳು ಸತ್ತು ತೇಲಿದವು. ನನಗೆ ತೃಪ್ತಿಯಾಯಿತು.

ಕೆಲವು ವಾರಗಳಲ್ಲಿ ಒಲೆಯ ಉರಿ ಕುಗ್ಗಿತು. ಚಳಿಗಾಲ, ಉಷ್ಣತೆ ಇಳಿದರೆ ಅನಿಲವೂ ಇಳಿಯುತ್ತದೆಂದು ಅವ್ವನಿಗೆ ಪಾಠ ಹೇಳಿ, ಗುಮ್ಮಟದ ಮೇಲೆ ಒಣಹುಲ್ಲು ಹೊದಿಸಿದೆ. ಉರಿ ಹಳದಿಗೆ ತಿರುಗಿ, ಒಂದು ಬೆಳಿಗ್ಗೆ ಪೂರ್ತಿ ಆರಿತು. ಅವ್ವ ಹಳೆಯ ಒಲೆಯ ಬೂದಿ ಬಾಚಿ, ಅಟ್ಟದಿಂದ ಊದುಗೊಳವೆಯನ್ನು ಇಳಿಸಿದಳು. ನಾಲ್ಕು ಸಲ ಊದಿ ಎಂಟು ಸಲ ಕೆಮ್ಮಿದಳು. ವಾರ ಕಳೆಯುವುದರೊಳಗೆ ಅವಳಿಗೆ ಗೋಡೆ ಹಿಡಿಯದೆ ಏಳಲಾಗುತ್ತಿರಲಿಲ್ಲ.

ಆಚೆಯ ತೊಟ್ಟಿಯ ಬಳಿ ನಿಲ್ಲಲಾಗುತ್ತಿರಲಿಲ್ಲ. ಮುಂಚೆ ಅಲ್ಲಿಗೆ ಬರುತ್ತಿದ್ದ ಬಗ್ಗಡಕ್ಕೆ ನಾತವೇ ಇರಲಿಲ್ಲ, ಅದರ ಮೇಲೆ ನೊಣವೂ ಕೂರುತ್ತಿರಲಿಲ್ಲ. ಈಗ ಹುಳಿತ, ಕೊಳೆತ, ಮೂಗಿನಿಂದ ಗಂಟಲಿಗೆ ಇಳಿಯುವ ನಾತ, ಮೇಲೆ ಕಪ್ಪನೆಯ ನೊಣದ ಪದರ. ನಾನು ಇನ್ನೂ ಒಂದು ಕ್ಯಾನು ತರಲು ಹೊರಟಾಗ ಅವ್ವ ತಡೆದಳು.

"ನಿನ್ ಬಿಳೀ ನೀರು ಬಿದ್ದಾಗ್ನಿಂದ ಇಂಗಾಗದೆ ಕಣ್ಲಾ. ಒಳ್ಗಿರೋವು ಸತ್ತೋಗವೆ."

"ಒಳಗೇನಿವೆ ಅವ್ವ?"

"ನಂಗೇನ್ ಗೊತ್ತು? ಮೇಷ್ಟ್ರು ನೀನು. ಸಗ್ಣಿ ತಿಂದು ಉರಿ ಕೊಡೋವು ಯಾವೋ ಅವೆ."

ಹಲಗೆಯ ಎಡಭಾಗದಲ್ಲಿ ನನ್ನ ಕೈಯಾರೆ ಬರೆದಿದ್ದ ಕೊನೆಯ ಪದ ಆಗ ನೆನಪಾಯಿತು. ಅಡಿಕೋಲಿನಿಂದ ಎಳೆದ ಗೆರೆಯ ಬಲಕ್ಕೆ ನಾನು ಗದರಿಸಿ ತಳ್ಳಿದ್ದ ಸಗಣಿಯೊಳಗೇ ಆ ವಿಘಟಕಗಳು ಬದುಕಿದ್ದವು. ಕೋಟಿ ಲೆಕ್ಕದಲ್ಲಿ ಕೊಂದಿದ್ದೆ, ಅದೂ ದಿನವೂ ಸ್ನಾನಕ್ಕೆ ಮುಂಚೆ. ನನ್ನ ಬಗ್ಗೆ ನನಗೇ ಹೇಸಿಗೆಯಾಯಿತು.

ಮೊಸರಿಗೆ ಹೆಪ್ಪು ಬೇಕಾದಂತೆ ಇದಕ್ಕೂ ಬದುಕಿರುವ ಬಗ್ಗಡ ಬೇಕಿತ್ತು. ಹತ್ತಿರದಲ್ಲಿ ಇನ್ನೊಂದು ಗೋಬರ್ ಗ್ಯಾಸ್ ಇದ್ದದ್ದು ಊರೊಳಗಿನ ದೊಡ್ಡ ಮನೆಯಲ್ಲಿ. ಭಾನುವಾರ ಎರಡು ಬಿಂದಿಗೆ ಹಿಡಿದುಕೊಂಡು ಹೋದೆ. ಆ ಮನೆಯ ಯಜಮಾನರು ಜಗಲಿಯ ಮೇಲಿಂದಲೇ ನಕ್ಕರು.

"ಓದ್ಸೋ ಮೇಷ್ಟ್ರು ಸಗ್ಣಿ ಕೇಳ್ಕೊಂಡ್ ಬಂದವ್ರಲ್ಲಪ್ಪ! ತಗೊಂಡೋಗಿ ತಗೊಂಡೋಗಿ. ಇತ್ಲ ಕಡೆಯಿಂದ ಬನ್ನಿ, ಅಂಗ್ಳ ತುಳೀಬ್ಯಾಡಿ."

ಹಿತ್ತಲಿನಿಂದ ಹೋದೆ. ಬಗ್ಗಡವನ್ನು ಮೊಗೆದು ಬಿಂದಿಗೆಗಳನ್ನು ತುಂಬಿದೆ. ಆ ಮನೆಯಾಕೆ ಕೈತೊಳೆಯಲು ಚೊಂಬನ್ನು ಎತ್ತರಕ್ಕೆ ಹಿಡಿದು ನೀರು ಸುರಿದರು. ಸಗಣಿಯ ಕೈಗೆ ಯಾರಾದರೂ ಹಾಗೆಯೇ ಸುರಿಯುತ್ತಾರೆ. ಕೈ ಶುದ್ಧವಾದ ಮೇಲೆ ಕುಡಿಯಲು ನೀರು ಕೇಳಿದೆ. ಚೊಂಬು ಒಂದು ಬೆರಳಿನಷ್ಟೂ ಕೆಳಗೆ ಇಳಿಯಲಿಲ್ಲ. ನೀರು ಅದೇ ಎತ್ತರದಿಂದ ಬೊಗಸೆಗೆ ಬಿತ್ತು.

ಬಿಂದಿಗೆಗಳನ್ನು ಹೊತ್ತು ನಡೆಯುತ್ತಿದ್ದಾಗ ಬಗ್ಗಡ ತುಳುಕಿ ಅಂಗಿಯ ತೋಳಿನ ಮೇಲೆ ಇಳಿಯಿತು. ಒರೆಸಲಿಲ್ಲ. ನನ್ನ ಸಹೋದ್ಯೋಗಿಯ ಮೂಗಿಗೆ ಬಡಿದದ್ದು ಕೊಟ್ಟಿಗೆಯಲ್ಲ, ನಮ್ಮ ಕೇರಿ. ಅದಕ್ಕೆ ಫಿನಾಯಿಲ್ ಇನ್ನೂ ಯಾರೂ ಮಾಡಿಲ್ಲ.

ಹುಳಿತ ಬಗ್ಗಡದಲ್ಲಿ ಸಾಧ್ಯವಾದಷ್ಟನ್ನು ಮೊಗೆದು ಹೊರಚೆಲ್ಲಿ, ತಂದದ್ದನ್ನು ಸುರಿದೆ. ಇನ್ನೂ ಐದು ಸಲ ಹೋಗಿ ತಂದೆ. ಕೊಟ್ಟಿಗೆಯ ನೀರಿಗೆ ಬೇರೆ ದಾರಿ ತೋಡಿದೆ. ಪ್ರತಿದಿನ ಸ್ವಲ್ಪವೇ ಸಗಣಿಯನ್ನು ಬೆಚ್ಚಗಿನ ನೀರಿನಲ್ಲಿ ಕಲಸಿ ಬಿಟ್ಟೆ, ನನ್ನ ಕೈಯಿಂದಲೇ, ಗಂಟು ಒಡೆದು. ವಾಕರಿಕೆ ಬಂದಾಗ ಮುಖ ತಿರುಗಿಸಿ ಉಗಿದು, ಮತ್ತೆ ಕೈ ಅದ್ದುತ್ತಿದ್ದೆ. ಒಳಗೆ ಅವ್ವ ಕೆಮ್ಮುವುದು ಕೇಳಿಸುತ್ತಿತ್ತು.

ಬಿಸಿಲು ಬಲಿತ ಒಂದು ಮಧ್ಯಾಹ್ನ ತೊಟ್ಟಿಯಲ್ಲಿ ಗುಳ್ಳೆಯೊಂದು ಎದ್ದಿತು. ನಿಂತಿತು. ಒಡೆಯಿತು. ಇನ್ನೂ ಎರಡು ದಿನ ಕಾದು ಅವ್ವ ಬೆಂಕಿಕಡ್ಡಿ ಗೀರಿದಳು. ಮೊದಲು ನಡುಗಿ, ಆಮೇಲೆ ನೀಲಿಯಾಗಿ ನಿಂತ ಉರಿಯ ಮೇಲೆ ಕಾಫಿಗೆ ನೀರಿಟ್ಟಳು. ಊದುಗೊಳವೆ ಅಟ್ಟಕ್ಕೆ ಹೋಯಿತು. ಮೂಲೆಯಲ್ಲಿ ಅರ್ಧ ಕ್ಯಾನು ಫಿನಾಯಿಲ್ ಉಳಿದಿತ್ತು.

"ಇದನ್ನ ಏನ್ ಮಾಡೋದವ್ವ? ಎಲ್ಲಿ ಚೆಲ್ಲಿದರೂ ಯಾವುದೋ ಒಂದು ಸಾಯ್ತದೆ."

"ಮಡಿಕ್ಕೋ. ಯಾರಾದ್ರೂ ದೊಡ್ಡೋರು ಕರ್ಚೀಪ್ ಇಡ್ಕೊಂಡ್ ಬತ್ತಾರಲ್ಲ, ಅವ್ರ್ ಮೂಗಿಗೆ ಎರಡ್ ತೊಟ್ಟು ಬುಡಾನ."

ತನ್ನ ಮಾತಿಗೆ ತಾನೇ ನಕ್ಕಳು. ನಗುತ್ತ ನಗುತ್ತ ಕೆಮ್ಮು ಬಂತು. ನಾನು ಎಣಿಸತೊಡಗಿದೆ. ಎರಡೇ ಸಲ ಕೆಮ್ಮಿ, ನಿಲ್ಲಿಸಿ, ಲೋಟಕ್ಕೆ ಕಾಫಿ ಬಗ್ಗಿಸಿದಳು.