ಕೃಷಿ ಹೊಂಡದ ಎಳೆ ಪಾಚಿ

ನಮ್ಮ ಹಿಪ್ಪುನೇರಳೆ ತೋಟದ ಮೂಲೆಯಲ್ಲಿರುವ ಕೃಷಿ ಹೊಂಡದ ಹತ್ತಿರ ನಾನು ಈಗ ಒಬ್ಬಳೇ ಹೋಗುವುದಿಲ್ಲ. ಪುಕ್ಕಲಿ ಎಂದು ನನ್ನ ಗಂಡ ಆಡಿಕೊಳ್ಳುತ್ತಾರೆ. ಆಡಿಕೊಳ್ಳಲಿ. ಅದರೊಳಗೆ ಬಿದ್ದವಳು ನಾನು, ಅವರಲ್ಲ.

ಬೋರ್‌ವೆಲ್ ನೀರು ಇಂಗಿಹೋಗದಿರಲೆಂದು ಹೊಂಡಕ್ಕೆ ಕಪ್ಪು ಪ್ಲಾಸ್ಟಿಕ್ ಹಾಳೆ ಹೊದಿಸಿದ್ದೇವೆ. ಸಾದಲಿಯ ಸುತ್ತಮುತ್ತ ಎಲ್ಲರೂ ಮಾಡುವುದು ಹಾಗೆಯೇ. ಆ ಬೇಸಿಗೆಯಲ್ಲಿ ಅದರ ತುಂಬ ಪಾಚಿ ಬೆಳೆಯಿತು. ಬಂಡೆಗೆ ಅಂಟುವ ಪಾಚಿಯಲ್ಲ, ಉದ್ದುದ್ದ ಎಳೆಯಾಗಿ ಬೆಳೆಯುವುದು. ಕೋಲಿನಿಂದ ಎತ್ತಿದರೆ ತಲೆಗೆ ನೀರು ಹಾಕಿಕೊಂಡ ಹೆಂಗಸಿನ ಕೂದಲಿನಂತೆ ತೊಟ್ಟಿಕ್ಕುತ್ತ ಜೋತುಬೀಳುತ್ತಿತ್ತು. ನೋಡಿದ ಮೊದಲ ದಿನವೇ ನನಗೆ ಮೈ ಜುಂ ಎಂದಿತ್ತು. ಎಷ್ಟು ತೆಗೆದರೂ ವಾರ ಕಳೆಯುವಷ್ಟರಲ್ಲಿ ಮತ್ತೆ ಹಾಜರು. ಡ್ರಿಪ್ ಫಿಲ್ಟರಿಗೆ ನುಗ್ಗಿ ನೀರನ್ನೇ ನಿಲ್ಲಿಸಿಬಿಡುತ್ತಿತ್ತು. ಔಷಧಿ ಸುರಿಯೋಣವೆಂದರೆ ಅದೇ ನೀರು ಸೊಪ್ಪಿಗೆ, ಅದೇ ಸೊಪ್ಪು ರೇಷ್ಮೆ ಹುಳಕ್ಕೆ. ಎಳೆದು ತೆಗೆಯದೆ ಬೇರೆ ದಾರಿಯಿರಲಿಲ್ಲ.

ಅವತ್ತು ಹುಳ ಕೊನೆಯ ಜ್ವರದಿಂದ ಎದ್ದಿದ್ದವು. ಪೊರೆ ಬಿಡುವಾಗ ಅವು ಮೇವು ಬಿಟ್ಟು ಮಲಗುವುದನ್ನು ನಾವು ಜ್ವರ ಎನ್ನುತ್ತೇವೆ. ಎದ್ದ ಮೇಲೆ ಅವುಗಳ ಹಸಿವನ್ನು ಕೇಳಲೇಬೇಡಿ. ಇಂಥ ಹೊತ್ತಿನಲ್ಲಿ ಹೊರಗಿನವರನ್ನು ಬೇಲಿ ದಾಟಲು ಬಿಡುವುದಿಲ್ಲ, ಕಾಲಿನ ಜೊತೆ ರೋಗ ಬರುತ್ತದೆಂದು. ಪಕ್ಕದ ತೋಟದವಳಿಗಂತೂ ನಮ್ಮ ಅತ್ತೆ ಖಡಾಖಂಡಿತವಾಗಿ ಹೇಳಿದ್ದರು. ಅವಳ ಮನೆಯ ಹುಳವೆಲ್ಲ ಆಗಷ್ಟೇ ಹಾಲುತೊಂಡೆ ರೋಗ ಬಂದು ಗುಂಡಿ ಸೇರಿದ್ದವು. ಅವಳೂ ರೇಷ್ಮೆ ಸಾಕುವವಳೇ ಆದ್ದರಿಂದ ಬೇಜಾರು ಮಾಡಿಕೊಳ್ಳದೆ ದೂರವೇ ಉಳಿದಿದ್ದಳು.

ಗಂಡ ಹೊಸ ಫಿಲ್ಟರ್ ತರಲು ಚಿಂತಾಮಣಿಗೆ ಹೋಗಿದ್ದರು. ಅತ್ತೆ ಹುಳದ ಮನೆಯ ಬಾಗಿಲು ಹಾಕಿಕೊಂಡು ಸೊಪ್ಪು ಕೊಡುತ್ತಿದ್ದರು. ಸಂಜೆಯವರೆಗೆ ಕಾಯುವ ತಾಳ್ಮೆ ನನಗೆಲ್ಲಿಂದ ಬರಬೇಕು? ಹುಳದ ಹಿಕ್ಕೆ ತೆಗೆಯುವ ಹಳೆಯ ಬಲೆಯನ್ನು ಬಿದಿರಿನ ಗಳಕ್ಕೆ ಕಟ್ಟಿ ಪಾಚಿ ಎಳೆಯಲು ನಿಂತೆ. ಬಲೆ ತುಂಬಿತು, ಭಾರಕ್ಕೆ ಒಂದು ಹೆಜ್ಜೆ ಮುಂದಿಟ್ಟೆ. ಹಾಳೆಯ ಮೇಲೂ ಪಾಚಿಯ ಲೋಳೆ ಇತ್ತು. ಜಾರಿದ್ದು ಗೊತ್ತಾಗುವಷ್ಟರಲ್ಲಿ ನೀರಿನಲ್ಲಿದ್ದೆ.

ನನಗೆ ಈಜು ಬರುವುದಿಲ್ಲ. ಮೋಟಾರಿನ ಪೈಪು ಕೈಗೆ ಸಿಕ್ಕಿತು, ಅದರ ಮೇಲೂ ಲೋಳೆ. ಕಾಲು ಊರಿದಷ್ಟೂ ಕೆಳಗೆ ಜಾರುತ್ತಿತ್ತು. ಎಳೆಗಳು ಕಾಲಿಗೆ, ಸೀರೆಗೆ ಸುತ್ತಿಕೊಂಡವು. ಯಾರೋ ಕೆಳಗಿನಿಂದ ಮೆಲ್ಲಗೆ ಎಳೆಯುತ್ತಿದ್ದಾರೆ ಅನ್ನಿಸಿ ಜೀವ ಬಾಯಿಗೆ ಬಂತು. ಕಿರುಚಿದೆ.

ಬೇಲಿಯಾಚೆ ಹಸು ಹಿಡಿದುಕೊಂಡು ಹೋಗುತ್ತಿದ್ದ ಪಕ್ಕದ ತೋಟದವಳು ಓಡಿಬಂದಳು. ಬೇಲಿಯ ಹತ್ತಿರ ಗಕ್ಕನೆ ನಿಂತಳು.

“ಅಯ್ಯೋ ದೇವುಡಾ! ಅಕ್ಕಾ, ಒಳಗೆ ಬರ್ಲಾ? ಹುಳ ಎದ್ದವಲ್ಲ?”

ನಗು ಬರುತ್ತದಲ್ಲವೇ? ನನಗೆ ಬರುವುದಿಲ್ಲ. ಏಕೆಂದರೆ ನಾನು ಥಟ್ಟನೆ ಬಾ ಎನ್ನಲಿಲ್ಲ. ಅವಳ ಕಾಲನ್ನು ನೋಡಿದೆ. ಆ ಮಣ್ಣುಗಾಲು, ಸರಸರನೆ ಮೇಯುತ್ತಿದ್ದ ನಮ್ಮ ಹುಳ, ಮೈಯೊಡೆದು ಹಾಲಿನಂಥ ರಸ ಸುರಿಸಿ ಸಾಯುವ ಹುಳ, ಎಲ್ಲ ಒಟ್ಟಿಗೆ ಕಣ್ಮುಂದೆ ಬಂತು. ಬೇಡ ಎನ್ನುವ ಮಾತು ನಾಲಿಗೆಯ ತುದಿಯಲ್ಲಿತ್ತು. ಪೈಪು ಹಿಡಿದ ಕೈ ಇನ್ನಷ್ಟು ಜಾರಿದ ಮೇಲೆ “ಬಾರೇ!” ಎಂದು ಅರಚಿದೆ.

ಅವಳು ಹಸುವಿನ ಕೊರಳ ಹಗ್ಗ ಬಿಚ್ಚಿಕೊಂಡು ಬೇಲಿ ನುಸುಳಿ ಬಂದಳು. ಏರಿಯ ಮೇಲೆ ಬೋರಲಾಗಿ ಮಲಗಿ ಹಗ್ಗ ಎಸೆದಳು. ನನ್ನನ್ನು ಎಳೆದು ಮೇಲೆ ಹಾಕಿ, ಕಾಲಿನ ಪಾಚಿಯನ್ನು ಒಂದೊಂದೇ ಬಿಡಿಸಿದಳು. “ನಾನು ಒಳಗೆ ಬಂದಿದ್ದು ಅತ್ತೆಗೆ ಹೇಳ್ಬೇಡ ಕಣಕ್ಕ” ಎಂದು ಬಂದ ದಾರಿಯಲ್ಲೇ ಹೋದಳು.

ಹುಳಕ್ಕೆ ಏನೂ ಆಗಲಿಲ್ಲ, ಗೂಡು ಚೆನ್ನಾಗಿಯೇ ಬಂತು. ಪಾಚಿಯೂ ಮತ್ತೆ ಬಂತು. ಈಗ ಅದನ್ನು ಗಂಡ ಸೊಂಟಕ್ಕೆ ಹಗ್ಗ ಕಟ್ಟಿಕೊಂಡು ತೆಗೆಯುತ್ತಾರೆ. ಇನ್ನೊಂದು ತುದಿಯನ್ನು ನಾನು ಪ್ರತಿ ಸಲವೂ ಕೈಗೆ ಎರಡು ಸುತ್ತು ಸುತ್ತಿಕೊಂಡು ನಿಲ್ಲುತ್ತೇನೆ.

ಮೊನ್ನೆ ಸೊಪ್ಪು ಕೊಯ್ಯುತ್ತಿದ್ದಾಗ ಅವಳು ಬೇಲಿಯಾಚೆಯಿಂದ ಇದ್ದಕ್ಕಿದ್ದಂತೆ ಕೇಳಿದಳು.

“ಅವತ್ತು ನಾನು ಬರ್ಲಾ ಅಂದಾಗ ಯಾಕಕ್ಕ ಅಷ್ಟೊತ್ತು ಸುಮ್ನಿದ್ದೆ? ಬಾಯಿಗೆ ನೀರು ಹೋಗಿತ್ತಾ?”

“ಹೂಂ ಕಣೇ” ಎಂದೆ.

ನೀರು ಆಗಿನ್ನೂ ನನ್ನ ಎದೆಯ ಮಟ್ಟಕ್ಕಿತ್ತು.